ಡೋರೀನ್ ಸಾಯಲಿಲ್ಲ

"ಅಷ್ಟು ಚೆನ್ನಾಗಿ ಸಾಯಿ ಅಂತ ಯಾರೇ ನಿಂಗೆ ಹೇಳಿದ್ದು, ಮಾರಾಯ್ತಿ?" ಎನ್ನುತ್ತಾ ಮೇಕಪ್ಪಿನ ಈನಿಡ್, ಗ್ಲೆನಿಸಳ ತಲೆಗೆ ಬ್ಯಾಂಡೇಜು ಸುತ್ತತೊಡಗಿದಳು.

ಮ್ಯಾಂಚೆಸ್ಟರಿನ ಈ ಸ್ಟುಡಿಯೋದಲ್ಲಿ ಹನ್ನೊಂದು ವರ್ಷದಿಂದ ಗ್ಲೆನಿಸ್ ಎಂದರೆ ಡೋರೀನ್, ಟೀವಿ ಧಾರಾವಾಹಿಯ ಪಬ್ಬಿನಲ್ಲಿ ಬಿಯರ್ ಕೊಡುವವಳು. "ಇನ್ನೊಂದು ಗ್ಲಾಸಾ, ರಾಜಾ?" ಎಂಬುದಕ್ಕಿಂತ ಉದ್ದದ ಮಾತು ಅವಳ ಪಾಲಿಗೆ ಬಂದದ್ದೇ ಅಪರೂಪ. ಬಸ್ಸಿನಲ್ಲೂ ಜನ ಅವಳನ್ನು ಡೋರೀನ್ ಎಂದೇ ಕರೆಯುತ್ತಿದ್ದರು.

ಹಾಗಿರುವಾಗ ಬ್ರಿಸ್ಟಲ್ಲಿನ ನಾಟಕ ತಂಡವೊಂದು ಮುಖ್ಯ ಪಾತ್ರಕ್ಕೆ ಕರೆಯಿತು. ಈ ವಯಸ್ಸಿನಲ್ಲಿ ಅಂಥ ಕರೆ ಮತ್ತೆ ಬರುವುದಿಲ್ಲವೆಂದು ಅವಳಿಗೆ ಗೊತ್ತಿತ್ತು. ಆದರೆ ಕರಾರನ್ನು ಇನ್ನೊಂದು ವರ್ಷ ಎಳೆಯುವ ಹಕ್ಕು ಕಂಪನಿಯದು. ಡೋರೀನಳನ್ನು ಕೊಂದುಬಿಡಿ ಎಂದು ನಿರ್ಮಾಪಕ ಥ್ರೆಲ್‌ಫಾಲನಿಗೆ ದುಂಬಾಲು ಬಿದ್ದಳು. ಅವನೂ ದೊಡ್ಡ ಮನಸ್ಸು ಮಾಡಿ ಒಂದು ಲಾರಿ ಕೊಟ್ಟ.

ಅಲ್ಲೇ ಅವಳು ಎಡವಿದ್ದು. ಇಷ್ಟು ವರ್ಷಕ್ಕೆ ಸಿಕ್ಕ ಒಂದೇ ಒಂದು ನಿಜವಾದ ದೃಶ್ಯ, ನಟಿಯಾದವಳು ಬಿಟ್ಟಾಳೆಯೇ? ಲಾರಿ ಬಡಿದು ರಸ್ತೆಯಲ್ಲಿ ಬಿದ್ದವಳು, ಬೆಕ್ಕಿಗೆ ಹಾಲಿಡಲು ಯಾರಿಗೂ ಹೇಳಲಿಲ್ಲವಲ್ಲ ಎಂದು ಗೊಣಗುತ್ತಾ ಎಚ್ಚರ ತಪ್ಪಿದ ರೀತಿಗೆ ಕ್ಯಾಮೆರಾದವನೇ ಮೂಗೊರೆಸಿಕೊಂಡ. ಮುಂದಿನ ಕಂತಿನಲ್ಲಿ ಪ್ರಾಣ ಹೋಗಬೇಕಿತ್ತು. ಅಷ್ಟರಲ್ಲಿ, ಇದನ್ನು ಟೀವಿಯಲ್ಲಿ ನೋಡಿದವರು ಡೋರೀನ್ ಬದುಕಲೇಬೇಕೆಂದು ಊರೂರಿನಿಂದ ಫೋನು ಮಾಡಿದರು.

ಥ್ರೆಲ್‌ಫಾಲ್ ಮುಖವರಳಿಸಿಕೊಂಡು ಮೇಕಪ್ ಕೋಣೆಯೊಳಗೆ ಬಂದ.

"ನಿಮ್ಮನ್ನ ಸಾಯ್ಸಿದ್ರೆ ಜನ ನಮ್ಮನ್ನ ಸಾಯ್ಸ್ತಾರೆ ಕಣ್ರೀ! ಕೋಮಾ. ಒಂದು ವರ್ಷ ಸುಮ್ನೆ ಮಲಗಿದ್ರಾಯ್ತು."

"ಮತ್ತೆ ಬ್ರಿಸ್ಟಲ್?"

"ಮಾತು ಬಾಯಿಪಾಠ ಮಾಡೋ ಕಷ್ಟಾನೂ ಇಲ್ಲ. ಇನ್ನೇನು ಬೇಕು ನಿಮ್ಗೆ?"

ಗ್ಲೆನಿಸ್ ಎದ್ದು ಹೋಗಿ, ರಟ್ಟಿನ ಗೋಡೆಗಳ ಆಸ್ಪತ್ರೆಯ ಮಂಚದ ಮೇಲೆ ಮಲಗಿದಳು. ಗಂಡನ ಪಾತ್ರದ ಸಿರಿಲ್ ಅವಳ ಕೈ ಹಿಡಿದು ಅಳುತ್ತಾ ಉದ್ದಕ್ಕೆ ಮಾತಾಡತೊಡಗಿದ.

"ಕಟ್! ಗ್ಲೆನಿಸ್, ಕಣ್ಣಲ್ಲಿ ನೀರು ಬರ್ತಿದೆ. ಕೋಮಾದಲ್ಲಿರೋರು ಅಳಲ್ಲಮ್ಮಾ," ಎಂದ ನಿರ್ದೇಶಕ.

ಈನಿಡ್ ಹತ್ತಿಯಿಂದ ಕೆನ್ನೆ ಒರೆಸಿ, ಪೌಡರು ಹಚ್ಚಿ, ಅವಳ ಭುಜ ಒತ್ತಿ ಹೋದಳು. ಸಿರಿಲ್ ಮತ್ತೆ ಮೊದಲಿಂದ ಅತ್ತ. ಈ ಸಲ ಗ್ಲೆನಿಸ್ ಚೂರೂ ಮಿಸುಕಲಿಲ್ಲ.

"ಅದ್ಭುತ!" ಎಂದು ಥ್ರೆಲ್‌ಫಾಲ್ ಚಪ್ಪಾಳೆ ತಟ್ಟಿದ.

ದೀಪಗಳು ಆರಿದವು. ಎಲ್ಲರೂ ಚಹಾಕ್ಕೆ ಹೊರಟರು. ಏಳು ಎಂದು ಅವಳಿಗೆ ಯಾರೂ ಹೇಳಲಿಲ್ಲ, ಅವಳೂ ಏಳಲಿಲ್ಲ.