ಗಡಿಗೆಯ ಕೂಸು

ಕಂಪ್ಲಿ ರಸ್ತೆಯ ಉಜ್ಜಿನಪ್ಪನ ರೈಸ್ ಮಿಲ್ಲಿನಲ್ಲಿ ಅಂದು ಬೆಳಿಗ್ಗೆ ಒಂದು ಹೆಣ ಸಿಕ್ಕಿತು. ಪೊಲೀಸರು ಬರುವಂಥ ಹೆಣವೇನಲ್ಲ. ಹೊಸ ಶೆಡ್ಡಿನ ಕಂಬಕ್ಕೆಂದು ಮಿಲ್ಲಿನ ಅಂಗಳದಲ್ಲೇ ಇದ್ದ ಮನೆಯ ಅಡುಗೆಕೋಣೆಯ ಹಿಂದೆ ಗುಂಡಿ ತೋಡುವಾಗ ಒಂದು ಬೂದುಬಣ್ಣದ ಗಡಿಗೆ ಕಂಡಿತು, ಅದರೊಳಗೆ ಊದಿನಕಡ್ಡಿಯಷ್ಟು ತೆಳ್ಳಗಿನ ಎಲುಬುಗಳಿದ್ದವು. ಸುದ್ದಿ ಮುಟ್ಟಿ ಹೊಸಪೇಟೆಯಿಂದ ಪುರಾತತ್ವ ಇಲಾಖೆಯ ಪಲ್ಲವಿ ಬಂದಳು. ಗುಂಡಿಯ ಅಂಚಿನಲ್ಲಿ ಬೋರಲು ಮಲಗಿ ಬಹಳ ಹೊತ್ತು ನೋಡಿದಳು, ಆಮೇಲೆ ಎದ್ದು ಮೊಣಕೈ ಒರೆಸಿಕೊಂಡಳು.

"ಸಣ್ಣ ಕೂಸು ರೀ. ನಾಲ್ಕು ಸಾವಿರ ವರ್ಷದ್ದಿರಬೇಕು. ಕಲ್ಲಿನ ಕೊಡ್ಲಿ ಹಿಡ್ಕೊಂಡು ದನ ಮೇಯಿಸ್ತಿದ್ದ ಜನ. ಈ ಹೊಳಿ ದಂಡಿಗುಂಟ ಅವರ ಊರು ಭಾಳ ಅದಾವ."

ಇಷ್ಟು ಕೇಳಿದ್ದೇ ತಡ, ಉಜ್ಜಿನಪ್ಪನ ಸೋದರತ್ತೆ ನೀಲಗಂಗಮ್ಮ ಒಳಗೆ ಹೋಗಿ ಗ್ಯಾಸಿನ ರೆಗ್ಯುಲೇಟರ್ ತಿರುಗಿಸಿ ಬಂದಳು.

"ಹೆಣ ಎತ್ತೂ ತನಕ ಈ ಮನ್ಯಾಗ ಒಲಿ ಹಚ್ಚಂಗಿಲ್ಲ."

"ಅತ್ತಿ, ನಾವು ಈ ಮನಿ ಕಟ್ಟಿದಾಗಿಂದ ಅದು ಅಲ್ಲೇ ಐತಿ. ದಿನಾ ಉಂಡೀವಲ್ಲ," ಎಂದ ಉಜ್ಜಿನಪ್ಪ.

"ಗೊತ್ತಿಲ್ದ ಉಂಡಿದ್ದು ಬ್ಯಾರೆ."

ಕಂಪ್ಲಿ ಪೇಟೆಯಲ್ಲಿ ಗಟ್ಟಿ ದನಿಗೆ ಹೆಸರಾದ ಉಜ್ಜಿನಪ್ಪ ಅಷ್ಟಕ್ಕೇ ಮಿಲ್ಲಿನ ಕಡೆ ನಡೆದ. ಪಲ್ಲವಿ ಕುಂಚದಿಂದ ಮಣ್ಣು ಸರಿಸುತ್ತ ಎರಡು ದಿನ ಬೇಕೆಂದಳು. ಮನೆಮಂದಿಗೆಲ್ಲ ಕಂಪ್ಲಿ ಬಸ್‌ಸ್ಟ್ಯಾಂಡಿನಿಂದ ಇಡ್ಲಿ ಪಾರ್ಸಲ್ ಬಂತು. ಹಮಾಲರು ತಾವೂ ಇದೇ ಮನೆಯವರೆಂದು ಘೋಷಿಸಿಕೊಂಡು ತಲಾ ಎರಡು ಪಾರ್ಸಲ್ ಬಿಚ್ಚಿದರು. ನೀಲಗಂಗಮ್ಮ ಗುಂಡಿಯ ಹತ್ತಿರ ಕುರ್ಚಿ ಹಾಕಿಸಿಕೊಂಡು ಕೂತು ವಿಚಾರಣೆ ಶುರುಮಾಡಿದಳು.

"ಇವರು ಯಾವ ಪೈಕಿ?"

"ಆವಾಗ ಜಾತಿ ಇದ್ದಿಲ್ರಿ ಅಜ್ಜಿ."

"ಜಾತಿ ಇಲ್ದ ಮದುವಿ ಹೆಂಗ ಮಾಡ್ತಿದ್ರು?"

ಪಲ್ಲವಿ ಕುಂಚಕ್ಕೆ ಹತ್ತಿದ ಮಣ್ಣು ಕೊಡವಿದಳು. ತಾನೇ ಗೆದ್ದೆನೆಂದು ಮುದುಕಿ ಸಮಾಧಾನದಿಂದ ಅಲ್ಲೇ ತೂಕಡಿಸಿದಳು.

ಇದೆಲ್ಲವನ್ನೂ ಕಿಟಕಿಯಿಂದ ನೋಡುತ್ತಿದ್ದ ಉಜ್ಜಿನಪ್ಪನ ಹೆಂಡತಿ ಸಂಗಮ್ಮ ತನ್ನ ಇಡ್ಲಿ ಪಾರ್ಸಲ್ ಬಿಚ್ಚಲಿಲ್ಲ. ಅವಳ ಮೊದಲ ಹೆಣ್ಣುಕೂಸು ತೊಟ್ಟಿಲಿಗೆ ಹಾಕುವ ಮೊದಲೇ ತೀರಿಕೊಂಡಿತ್ತು. ಗಂಡಸರು ಹಳೇ ಸೀರೆಯಲ್ಲಿ ಸುತ್ತಿಕೊಂಡು ಹೋಗಿ ಮಣ್ಣು ಮಾಡಿ ಬಂದರು. ಎಲ್ಲಿ ಅಂತ ತಾಯಿಗೆ ಹೇಳಬಾರದು, ಹೇಳಿದರೆ ಹೋಗಿ ಅಲ್ಲೇ ಕೂತುಬಿಡುತ್ತಾಳೆ ಎಂಬುದು ಮನೆಯ ಪದ್ಧತಿ. ಆಮೇಲೆ ಗಂಡುಮಕ್ಕಳಾದರು, ಮಿಲ್ಲಾಯಿತು, ಎಲ್ಲರೂ ಮರೆತರು. ಸಂಗಮ್ಮನೂ ಮರೆತಿದ್ದಾಳೆ ಎಂದು ಅವರೇ ತೀರ್ಮಾನಿಸಿದರು. ಗಂಡನಿಗೆ ಜಾಗ ಗೊತ್ತಿದೆ, ಗೊತ್ತಿದ್ದೂ ಬಾಯಿ ಬಿಡುವುದಿಲ್ಲ ಎಂಬ ಸಿಟ್ಟು ಅವಳೊಳಗೆ ಮೂವತ್ತು ವರ್ಷದಿಂದ ಹೊಗೆಯಾಡುತ್ತಿತ್ತು. ಕೇಳಿದರೆ ಹೇಳುತ್ತಿದ್ದನೋ ಏನೋ. ತಾನಾಗಿ ಹೇಳಲಿ ಎಂಬ ಹಟ ಅವಳದು.

ಮಧ್ಯಾಹ್ನ ಅವಳು ಪಲ್ಲವಿಗೆ ನೀರು ಕೊಡುವ ನೆಪದಲ್ಲಿ ಗುಂಡಿಯ ಹತ್ತಿರ ಹೋದಳು.

"ಊರ ಹೊರಗ ಹೂಳಬೇಕಿತ್ತಲ್ಲವ್ವ, ಸುಡುಗಾಡು ಇದ್ದಿಲ್ಲೇನು?"

"ಇದು ಅವರ ಮನೀನ ರೀ ಅಮ್ಮಾರ. ಈ ಗಟ್ಟಿ ಮಣ್ಣು ನೋಡ್ರಿ, ಮನಿ ನೆಲ. ಇಲ್ಲಿ ಕೆಂಪಗ ಸುಟ್ಟೈತಲ್ಲ, ಅದು ಒಲಿ. ಅದರ ಬಾಜೂಕ ಕೂಸು. ಕೂಸು ಸತ್ರ ಗಡಿಗ್ಯಾಗಿಟ್ಟು ಮನಿಯೊಳಗ ಇಟ್ಕೋತಿದ್ರು."

"ಬಾಜೂಕ ಹೂಳಿ, ಮತ್ತ ಅದೇ ಒಲಿ ಹಚ್ತಿದ್ರಾ?"

"ಹಚ್ಯಾರ್ರಿ. ಗಡಿಗಿ ಮ್ಯಾಲಿನ ನೆಲದ ಮ್ಯಾಲೂ ಬೂದಿ ಬಿದ್ದೈತಿ."

ಸಂಗಮ್ಮ ಆ ಕೆಂಪು ಮಣ್ಣಿನಿಂದ ಗಡಿಗೆಯವರೆಗಿನ ಜಾಗವನ್ನು ಕಣ್ಣಲ್ಲೇ ಅಳೆದಳು. ಆ ತಾಯಿ ರೊಟ್ಟಿಯನ್ನೋ ಗಂಜಿಯನ್ನೋ ಮಾಡುತ್ತ ಕೈ ಚಾಚಿದರೆ ಕೂಸಿನ ಮೇಲಿನ ನೆಲ ಸಿಗುತ್ತಿತ್ತು. ಹೊಟ್ಟೆಕಿಚ್ಚಾಯಿತು ಅವಳಿಗೆ. ನಾಲ್ಕು ಸಾವಿರ ವರ್ಷದ ಹಿಂದೆ ಸತ್ತ ಹೆಂಗಸಿನ ಮೇಲೆ ಹೊಟ್ಟೆಕಿಚ್ಚು ಪಡುವುದು ಸರಿಯಲ್ಲ ಎಂದು ಗೊತ್ತಿದ್ದೂ ಆಯಿತು. ಎದ್ದು ಸೀದಾ ಒಳಗೆ ಹೋಗಿ, ರೆಗ್ಯುಲೇಟರ್ ತಿರುಗಿಸಿ, ಒಲೆ ಹಚ್ಚಿ ಚಹಾಕ್ಕಿಟ್ಟಳು.

ವಾಸನೆ ಹಿಡಿದು ಉಜ್ಜಿನಪ್ಪ ಓಡಿ ಬಂದ.

"ಏನ್ ಮಾಡಾಕತ್ತಿ ಸಂಗಮ್ಮ? ಅತ್ತಿ ಎದ್ರ ಮಿಲ್ಲು ಹಾರಿಸ್ತಾಳ."

"ಎದ್ದರ ಏಳ್ಲಿ." ಅವಳು ಗಂಡನ ಕಡೆ ತಿರುಗಿದಳು. "ನನ್ನ ಕೂಸನ್ನ ಎಲ್ಲಿ ಇಟ್ರಿ?"

ಯಾವ ಕೂಸು ಎಂದು ಅವನು ಕೇಳಲಿಲ್ಲ. ಹೆಗಲ ಮೇಲಿನ ಟವೆಲ್ ತೆಗೆದು ಮಡಚಿದ, ಮತ್ತೆ ಬಿಚ್ಚಿದ.

"ನನಗ ಗೊತ್ತಿಲ್ಲ."

"ಸುಳ್ಳು."

"ಅಪ್ಪನ ಆಣಿ. ನನ್ನ ಹಿತ್ತಲಾಗ ಕೂಡ್ಸಿ ಅಪ್ಪ, ಕಾಕಾ ಇಬ್ಬರ ಒಯ್ದರು. ಹಿಂದ ಹೊಂಟಿದ್ದೆ, ನೀ ಬರಬ್ಯಾಡ, ಅಳ್ತಿ ಅಂದ್ರು. ಕಾಲುವಿ ಕಡೆ ಹೋದದ್ದು ನೋಡೀನಿ. ಅಷ್ಟ."

ಅವರಿಬ್ಬರೂ ಸತ್ತು ಬಹಳ ವರ್ಷವಾಗಿತ್ತು. ಕಾಲುವೆಯನ್ನೂ ಅಗಲ ಮಾಡಿದ್ದರು.

"ಅವರು ಇದ್ದಾಗ ಕೇಳಬೇಕಿತ್ತಲ್ರಿ ನೀವು."

"ಕೇಳಾಕ ಹೋಗಿದ್ದೆ. ಬಾಗಲತನಕ ಹೋಗಿ ಹೊಳ್ಳಿ ಬರ್ತಿದ್ದೆ." ಉಜ್ಜಿನಪ್ಪ ಅಕ್ಕಿ ಡಬ್ಬದ ಮೇಲೆ ಕೂತ. "ಬಾಯಿ ತೆಗೆದ್ರ ಅಳು ಬರ್ತಿತ್ತು ಸಂಗಮ್ಮ."

ಸಂಗಮ್ಮನಿಗೆ ಏನು ಮಾಡಬೇಕೋ ತೋಚಲಿಲ್ಲ. ಇಷ್ಟು ವರ್ಷ ಜೋಪಾನ ಮಾಡಿದ ಸಿಟ್ಟು ಅದು, ಈಗ ಅದನ್ನು ಹೊರಲು ಬದುಕಿದವರು ಯಾರೂ ಇಲ್ಲ. ಅವಳು ಹೋಗಿ ಅಡುಗೆಮನೆಯ ಬಾಗಿಲಿಗೆ ಅಗಳಿ ಹಾಕಿ ಬಂದು ಗಂಡನ ಪಕ್ಕ ನೆಲದ ಮೇಲೆ ಕೂತಳು.

"ಈಗ ಅಳ್ರಿ," ಎಂದಳು. "ಯಾರೂ ಇಲ್ಲ."

ಚಹಾ ಉಕ್ಕಿ ಒಲೆಯ ಮೇಲೆಲ್ಲ ಹರಿಯಿತು. ಹೊರಗಿನಿಂದ ನೀಲಗಂಗಮ್ಮ ಬಾಗಿಲು ಬಡಿಯತೊಡಗಿದಳು. ಇಬ್ಬರೂ ಏಳಲಿಲ್ಲ.