ಎರಡು ರಾಟೆಯ ಬಾವಿ

ಹಗ್ಗ ಕಿತ್ತು ಕೊಡ ಬಾವಿಗೆ ಬಿದ್ದಾಗ, ಪುಟ್ಟಮಲ್ಲಮ್ಮ ಕೈಯಲ್ಲುಳಿದ ತುಂಡನ್ನು ನೋಡುತ್ತ ನಿಂತಳು. ಒಳಗೆ ಅವಳ ಗಂಡ, ಬೆಲ್ಲದ ಮಂಡಿಯ ಷಣ್ಮುಖಪ್ಪ, ಗೋಡೆಗೊರಗಿ ಕುಳಿತಿದ್ದ. ತೀರಿಕೊಂಡವರನ್ನು ಕೂರಿಸಿಯೇ ಮೀಯಿಸಿ, ಕೂರಿಸಿಯೇ ಮಣ್ಣು ಮಾಡುವುದು ಅವರ ಪದ್ಧತಿ. ವಿಭೂತಿ ಸಿದ್ಧವಿತ್ತು; ನೀರಿರಲಿಲ್ಲ.

"ಪಾತಾಳಗರಡಿ ಕೊಡಕ್ಕಾ, ಕೊಕ್ಕೆ ಹಾಕಿ ಕೊಡ ಎತ್ತುತೀನಿ," ಎಂದ ಪಕ್ಕದ ಮನೆಯ ನಿಂಗರಾಜು.

"ಅದು ಮೈದನ ಪಾಲಿಗೋಯ್ತು ಕಣಪ್ಪ. ಇದ್ದುದ್ದೇ ಒಂದು."

"ನಮ್ಮನೆ ನೀರು ತತ್ತೀನಿ ಬುಡು."

"ಬ್ಯಾಡ. ಹುಟ್ಟಿದಾಗ ಮೀಯಿಸಿದ್ದು ಈ ಬಾವಿ ನೀರು. ಓಗುವಾಗ್ಲೂ ಇದೇ ಆಗ್ಬೇಕು."

ಮೈದುನ ಚನ್ನಬಸವಣ್ಣನ ಮನೆ ಬಾವಿಯ ಆ ಕಡೆ. ಒಂಬತ್ತು ವರ್ಷದ ಹಿಂದೆ ಪಾಲಾದಾಗ, ಅಣ್ಣತಮ್ಮಂದಿರು ಬಾವಿಯ ಬಾಯಿಗೆ ಅಡ್ಡ ತೊಲೆ ಇಟ್ಟು ಅದರ ಮೇಲೂ ಗೋಡೆ ಎಬ್ಬಿಸಿದ್ದರು. ಬೆಳಗಿನಿಂದ ಆ ಕಡೆಯಿಂದ ಕೆಮ್ಮು ಬರುತ್ತಿತ್ತು; ಚನ್ನಬಸವಣ್ಣ ಬಂದಿರಲಿಲ್ಲ.

"ಸಂತೆಮಾಳದ ಮಾತು ಇನ್ನೂ ಕಚ್ತಾ ಅದೆ ಅವ್ರಿಗೆ," ಎಂದ ನಿಂಗರಾಜು.

*

ದೇಶ ಎರಡಾಗುತ್ತದೆಂದು ಪೇಪರಿನಲ್ಲಿ ಬಂದ ಮೇಲೆ, ಹೋದ ತಿಂಗಳು, ಮೈಸೂರಿನಿಂದ ಇಬ್ಬರು ತತ್ವಶಾಸ್ತ್ರದ ಮೇಷ್ಟ್ರು ಪಿರಿಯಾಪಟ್ಟಣದ ಸಂತೆಮಾಳಕ್ಕೆ ಬಂದು ಜನರೆದುರು ವಾದಕ್ಕೆ ಕುಳಿತರು. ಬೇರೆಯಾದರೆ ಶಾಂತಿ ಎಂದರು ಒಬ್ಬರು. ಆತ್ಮಕ್ಕೆ ಭಾಗವಿಲ್ಲ ಎಂದರು ಇನ್ನೊಬ್ಬರು. ಷಣ್ಮುಖಪ್ಪ ಎದ್ದ.

"ಸ್ವಾಮಿ, ನಾವು ಬಾವಿನೂ ಪಾಲು ಮಾಡ್ಕಂಡೋ. ನನ್ ಕೊಡ ಇಳುದ್ರೆ ತಮ್ಮನ ಕಡೆ ನೀರೂ ಅಳ್ಳಾಡ್ತದೆ. ಇದ್ಕೇನ್ ಮಾಡನ?"

"ಒಳ್ಳೆಯ ಸಂಕೇತ."

"ಸಂಕೇತ ಅಲ್ಲ ಸ್ವಾಮಿ, ಬಾವಿ. ಇಲ್ಲೇ ಅದೆ, ಬನ್ನಿ ತೋರುಸ್ತೀನಿ."

ಜನ ನಕ್ಕರು.

"ಗೋಡೆ ಕೆಡವಕ್ಕೆ ಮೊದ್ಲು ಯಾರು ಕೈ ಹಾಕ್ಬೇಕು? ಅದ್ನಾದ್ರೂ ಹೇಳಿ."

ಮೇಷ್ಟ್ರು ಗಡಿಯಾರ ನೋಡಿಕೊಂಡರು. ಮನೆಯ ಮಾತನ್ನು ಸಂತೆಗೆ ತಂದನೆಂದು ಚನ್ನಬಸವಣ್ಣ ಟವೆಲು ಕೊಡವಿ ಎದ್ದುಹೋದ.

*

ಬಾವಿಯ ಬಳಿ ನಿಂಗರಾಜು, ಆ ಮೇಷ್ಟ್ರ ಹಾಗೆ, ಇಲ್ಲದ ಕನ್ನಡಕವನ್ನು ಮೂಗಿನ ಮೇಲೆ ಸರಿಮಾಡಿಕೊಂಡ. "ಮಹಾಜನರೇ, ಪಾತಾಳಗರಡಿಯು ವಸ್ತುತಃ ಅವಿಭಾಜ್ಯವಾದುದು." ಅಳುತ್ತಿದ್ದ ಹೆಂಗಸರಲ್ಲಿ ಇಬ್ಬರು ಸೆರಗು ಬಾಯಿಗಿಟ್ಟುಕೊಂಡರು. ಗೋಡೆಯಾಚೆ ಕೆಮ್ಮು ನಿಂತಿತು.

ಒಂಬತ್ತು ವರ್ಷದಲ್ಲಿ ಮೊದಲ ಸಲ ಪುಟ್ಟಮಲ್ಲಮ್ಮ ಗೋಡೆಯ ಕಡೆ ತಿರುಗಿ ಮಾತಾಡಿದಳು. "ಚನ್ನಬಸಣ್ಣ, ನಿಮ್ಮಣ್ಣ ನೀರಿಗೆ ಕಾಯ್ತಾ ಕೂತವ್ರೆ."

ಸ್ವಲ್ಪ ಹೊತ್ತಿಗೆ ಆಚೆಯ ರಾಟೆ ಕಿರುಗುಟ್ಟಿತು. ಈ ಕಡೆಯ ನೀರೂ ಅಲ್ಲಾಡಿತು.

ಗೋಡೆಯ ಮೇಲೆ ಎರಡು ಕೈ, ಅವುಗಳ ನಡುವೆ ಬಾವಿಗೆ ಬಿದ್ದಿದ್ದ ಅವಳ ತಾಮ್ರದ ಕೊಡ, ತುಂಬಿದ್ದು. ಮಳೆಗೆಂದು ಗೋಡೆಯ ನೆತ್ತಿಯನ್ನು ಇಳಿಜಾರು ಮಾಡಿದ್ದರು. ಕೊಡ ನಿಲ್ಲಲಿಲ್ಲ, ಕೈಗಳ ಜೊತೆ ಆಚೆ ಮರೆಯಾಯಿತು. ಒಂದು ಕೈ ಮತ್ತೆ ಮೇಲೆ ಬಂದು ಒಂದು ಇಟ್ಟಿಗೆಯನ್ನು ಅಲುಗಿಸಿ ಕಿತ್ತಿತು. ಇನ್ನೊಂದನ್ನು ಕಿತ್ತಿತು. ಆ ಸಂದಿನಲ್ಲಿ ಕೊಡ ಬಂದು ಕುಳಿತಿತು.