ಗದ್ದ ಎತ್ತುವ ಚಾಳಿ

ಕಿವಿ ವಿಭಾಗದ ಕಿರಿಯ ಡಾಕ್ಟರಮ್ಮನ ಮೇಲೆ ಬಂದ ಆರೋಪ ಸಣ್ಣದಲ್ಲ. ಹೊಸ ಶ್ರವಣಯಂತ್ರದ ಪ್ರಯೋಗದಲ್ಲಿ ಅವಳ ರೋಗಿಗಳಿಗೆಲ್ಲ ಸೂಜಿ ಬಿದ್ದರೂ ಕೇಳಿಸುತ್ತದೆ ಎಂದು ಫಲಿತಾಂಶ ಬಂದಿತ್ತು. ಅದೇ ರೋಗಿಗಳು ಬೇರೆ ಆಸ್ಪತ್ರೆಯಲ್ಲಿ ಬಾಗಿಲು ಬಡಿದರೂ ತಿರುಗಿ ನೋಡಿರಲಿಲ್ಲ. ವಿಚಾರಣೆಗೆ ಕೂತವರು ಒಬ್ಬ ನಿವೃತ್ತ ಜಡ್ಜ್, ಅಂಕಿಅಂಶದ ಮೇಷ್ಟ್ರು ಮತ್ತು ವಿಭಾಗದ ಹಿರಿಯ ಡಾಕ್ಟರಮ್ಮ. ಆ ಹುಡುಗಿಗೆ ಕೈಹಿಡಿದು ಕೆಲಸ ಕಲಿಸಿದವಳನ್ನೇ ತೀರ್ಪು ಕೊಡಲು ಕೂರಿಸಿದ್ದು ಯಾವ ಸೀಮೆಯ ನ್ಯಾಯವೋ, ಆ ಆಸ್ಪತ್ರೆಯವರನ್ನೇ ಕೇಳಬೇಕು.

"ನಮ್ಮೆದುರಿಗೇ ಒಂದ್ಸಲ ಮಾಡಿ ತೋರಿಸಮ್ಮ" ಎಂದರು ಜಡ್ಜ್.

ಗಾಜಿನ ಗೂಡಿನೊಳಗೆ ರೋಗಿಯೊಬ್ಬರನ್ನು ಶ್ರವಣಯಂತ್ರ ತೊಡಿಸಿ ಕೂರಿಸಿದರು. ಹೊರಗೆ ಹುಡುಗಿ ಗುಂಡಿ ಒತ್ತಿದರೆ ಒಳಗೆ ಸಣ್ಣ ಸದ್ದಾಗುತ್ತದೆ. ಕೇಳಿಸಿದರೆ ರೋಗಿ ಬೆರಳೆತ್ತಬೇಕು. ಹುಡುಗಿ ಒತ್ತಿದಾಗೆಲ್ಲ ಬೆರಳು ಮೇಲೆದ್ದಿತು. ಮೇಷ್ಟ್ರು ಗುಂಡಿಯನ್ನು ದುರುಗುಟ್ಟಿ ನೋಡುತ್ತಿದ್ದರು, ಜಡ್ಜ್ ರೋಗಿಯ ಕಿವಿಯ ಯಂತ್ರವನ್ನು. ಹಿರಿಯಳು ಮಾತ್ರ ಹುಡುಗಿಯ ಮುಖ ನೋಡಿದಳು. ಗುಂಡಿ ಒತ್ತುವಾಗ ಹುಡುಗಿಯ ಗದ್ದ ಒಂದಿಷ್ಟು ಮೇಲೇಳುತ್ತಿತ್ತು, ಕೂಸಿಗೆ ತುತ್ತು ಕೊಡುವ ತಾಯಿ ತಾನೇ ಬಾಯಿ ತೆರೆಯುವ ಹಾಗೆ. ರೋಗಿಯ ಕಣ್ಣು ಆ ಗದ್ದದ ಮೇಲೇ ಇತ್ತು.

ಆ ಚಾಳಿ ಎಲ್ಲಿಂದ ಬಂತೆಂದು ತಿಳಿಯಲು ಹಿರಿಯಳಿಗೆ ಕನ್ನಡಿ ಬೇಕಿರಲಿಲ್ಲ. ಅವಳ ಮಕ್ಕಳು ಅಮ್ಮ ಗದ್ದ ಎತ್ತುವುದನ್ನೇ ಅಣಕಿಸುತ್ತ ದೊಡ್ಡವರಾಗಿದ್ದರು. ರೋಗಿ ಹೆದರಬಾರದು, ಗಾಜಿಗೆ ಎದುರಾಗಿ ಕೂತು ಮುಖ ತೋರಿಸು ಎಂದು ಕಲಿಸಿದವಳೂ ಅವಳೇ. ಆ ಶ್ರವಣಯಂತ್ರದ ಮೊದಲ ಪ್ರಯೋಗವೂ ಅವಳದೇ. ಅವಳಿಗೆ ಹೆಸರು, ಕುರ್ಚಿ, ಮರ್ಯಾದೆ ಎಲ್ಲ ಬಂದದ್ದು ಅದರಿಂದ.

"ಏನೋ ಕೈಚಳಕ ಇದೆ," ಎಂದರು ಮೇಷ್ಟ್ರು. "ಬೇಕಂತಲೇ ಮಾಡಿರೋದು. ಕೆಲಸದಿಂದ ತೆಗೆದುಹಾಕ್ಬೇಕು."

"ನೀವೇನಂತೀರಿ, ಮೇಡಂ?" ಎಂದು ಜಡ್ಜ್ ಹಿರಿಯಳನ್ನು ಕೇಳಿದರು.

ಅವಳು ಗಡಿಯಾರದ ಕಡೆ ನೋಡಿದಳು. "ಊಟ ಆದ್ಮೇಲೆ ಹೇಳ್ತೀನಿ." ಹುಡುಗಿಯ ಕಡೆ ನೋಡಲಾಗದೆ ಎದ್ದು ಹೋದಳು.

ಮನೆ ಹಿಂದಿನ ಬೀದಿಯಲ್ಲೇ. ಅತ್ತೆ ಕಿಟಕಿಯ ಬಳಿ ಬಟ್ಟೆ ಮಡಚುತ್ತಿದ್ದರು. ಅವರ ಕಿವಿಯಲ್ಲಿದ್ದದ್ದೂ ಅದೇ ಯಂತ್ರ. ಪರೀಕ್ಷೆ ಮಾಡಿ, ಚೆನ್ನಾಗಿ ಕೇಳಿಸುತ್ತಿದೆ ಎಂದವಳು ಸೊಸೆಯೇ. ಆಮೇಲೆ ಕರೆದಾಗ ಓಗೊಡದ ಅತ್ತೆಯನ್ನು ಎಷ್ಟು ಸಲ ಗದರಿದ್ದಳು! ಜಾಣಕಿವುಡು ಎಂದು ಗಂಡನೆದುರು ನಕ್ಕೂ ಇದ್ದಳು.

ಈಗ ಬೆನ್ನ ಹಿಂದೆ ನಿಂತು ಕರೆದಳು. "ಅತ್ತೆ."

ಮತ್ತೆ ಕರೆದಳು, ಜೋರಾಗಿ. ಅತ್ತೆ ದಿಂಬಿನ ಕವರು ಕೊಡವಿ ಮಡಚಿಟ್ಟರು.

ಅವಳು ಮುಂದೆ ಬಂದು ಬಿಡಿಸಿ ಬಿಡಿಸಿ ಕೇಳಿದಳು. "ನಿಮಗೆ ನಿಜವಾಗ್ಲೂ ಕೇಳಿಸುತ್ತಾ?"

ತುಟಿಯನ್ನೇ ನೋಡುತ್ತಿದ್ದ ಅತ್ತೆ, ಕದ್ದು ಸಿಕ್ಕಿಬಿದ್ದವರಂತೆ ತಲೆ ತಗ್ಗಿಸಿದರು. "ಆವತ್ತು ನೀನು ಗದ್ದ ಎತ್ತಿದಾಗೆಲ್ಲ ಬೆರಳೆತ್ತಿದೆ ಕಣೇ. ಅಷ್ಟು ಆಸೆಯಿಂದ ನೋಡ್ತಿದ್ದೆ ನೀನು. ಕೇಳಿಸ್ಲಿಲ್ಲ ಅನ್ನೋಕೆ ಮನಸ್ಸು ಬರ್ಲಿಲ್ಲ."

ಅವಳು ಊಟಕ್ಕೆ ಕೂರದೆ ಆಸ್ಪತ್ರೆಗೆ ಹೊರಟಳು.

ವಿಚಾರಣೆಯ ಕೋಣೆಗೆ ವಾಪಸು ಬಂದವಳೇ ಅದೇ ರೋಗಿಯನ್ನು ಗೂಡಿನೊಳಗೆ ಕೂರಿಸಿ, ತಾನೇ ಗುಂಡಿಯ ಮುಂದೆ ಕೂತಳು. ಗಾಜಿಗೆ ಎದುರಾಗಿ ಒತ್ತಿದಳು, ಒಳಗೆ ಬೆರಳೆದ್ದಿತು. ಕುರ್ಚಿ ತಿರುಗಿಸಿ, ಗಾಜಿಗೆ ಬೆನ್ನು ಹಾಕಿ ಒತ್ತಿದಳು. ಬೆರಳು ಏಳಲಿಲ್ಲ.

"ಈ ಹುಡುಗಿ ಮೋಸ ಮಾಡಿಲ್ಲ. ತನಗೇ ಗೊತ್ತಿಲ್ಲದೆ ಗದ್ದ ಎತ್ತುತ್ತಾಳೆ, ಅವರು ಅದನ್ನ ನೋಡಿ ಬೆರಳೆತ್ತುತ್ತಾರೆ. ನನ್ನ ನೋಡಿ ಕಲಿತದ್ದು. ನನ್ನ ಪ್ರಯೋಗಾನೂ ಹೀಗೇ ಆಗಿರೋದು. ಮೊದಲು ನನ್ನ ವಿಚಾರಣೆ ಮಾಡಿ."

ಮೇಷ್ಟ್ರು ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು. ಹುಡುಗಿ ಥ್ಯಾಂಕ್ಸ್ ಹೇಳುವ ಬದಲು ಕೇಳಿದಳು.

"ಬೆಳಿಗ್ಗೇನೇ ಗೊತ್ತಾಗಿತ್ತಲ್ವಾ, ಮೇಡಂ?"

"ಹೌದು" ಎಂದಳು. ಅದಕ್ಕಿಂತ ಕಷ್ಟದ ಮಾತನ್ನು ಅವಳು ಅಂದಿನವರೆಗೆ ಆಡಿರಲಿಲ್ಲ.

ಸಂಜೆ ಅತ್ತೆಯ ತಲೆ ಬಾಚಲು ಕೂತಳು. ಮುಖ ತೋರಿಸಲು ನಾಚಿಕೆಯಾಗಿ, ಹಿಂದಿನಿಂದಲೇ "ತಪ್ಪಾಯ್ತು ಅತ್ತೆ" ಎಂದಳು.

"ಸಿಕ್ಕು ಮೆಲ್ಲಗೆ ಬಿಡಿಸೇ" ಎಂದರು ಅತ್ತೆ.

ಅವಳು ಬಾಚಣಿಗೆ ಕೆಳಗಿಟ್ಟಳು. ಎದ್ದು ಬಂದು ಅವರೆದುರು ಕೂತು, ಮುಖಕ್ಕೆ ಮುಖ ಕೊಟ್ಟು, ಇನ್ನೊಂದು ಸಲ ಹೇಳಿದಳು.